ನಾದವೆಂಬ ಗಂಧಕ

ಸಕಲೇಶಪುರ, ಆಲೂರು ಸೀಮೆಯ ಗುಡ್ಡಸಾಲಿನಲ್ಲಿ, ಮೇಕನಗದ್ದೆಯ ಬಳಿ ಪಾಂಡವರ ಗುಡ್ಡದ ಆಸುಪಾಸಿನಲ್ಲಿರುವ ಬೆಟ್ಟದ ಭೈರವೇಶ್ವರನ ಗುಡಿ ಚಾರಣಿಗರಿಗೂ ಭಕ್ತರಿಗೂ ಪರಿಚಿತವಾದುದು. ಶಿವನ ಉಗ್ರರೂಪವಾದ ಭೈರವ ನಾಥಪಂಥದ ಸಿದ್ಧರಿಗೆ ಆರಾಧ್ಯನಾದ ದೈವ. ಹಾಸನ ಸೀಮೆಯ ಅನೇಕ ಒಕ್ಕಲಿಗ ಮನೆತನಗಳು ನಡೆದುಕೊಳ್ಳುವ ಆದಿಚುಂಚನಗಿರಿಯ ಅಧಿದೇವತೆಯೂ ಕಾಲಭೈರವನೇ. ಇದೇ ಭೈರವ ಸಂಸ್ಕೃತದ 'ರಸಾರ್ಣವ'ದಲ್ಲಿ ಗುರುವಿನ ಸ್ಥಾನದಲ್ಲಿ ಕುಳಿತು ದೇವಿಗೆ ಪಾದರಸದ ಪಾಠ ಹೇಳುತ್ತಾನೆ. ಬೆಟ್ಟದ ಗುಡಿಗೂ ಆ ಗ್ರಂಥಕ್ಕೂ ನೇರವಾದ ನಂಟನ್ನು ಕಟ್ಟುವುದು ಅತಿಯಾದೀತು; ಆದರೂ ನಾದದಿಂದ ನಡೆಯುವ ರಸವಾದವೊಂದಿತ್ತೇ ಎಂಬ ಪ್ರಶ್ನೆಗೆ ಉತ್ತರ ಹುಡುಕುವವರು ಭೈರವನ ಈ ಪರಂಪರೆಯಿಂದಲೇ ಹೊರಡಬೇಕಾಗುತ್ತದೆ.

ರಸವೆಂದರೆ ಪಾದರಸ, ಕೀಳು ಲೋಹವನ್ನು ಚಿನ್ನವಾಗಿಸುವ, ಅಳಿಯುವ ದೇಹವನ್ನು ಅಳಿಯದಂತೆ ಮಾಡುವ ಹಂಬಲದ ವಿದ್ಯೆಯೇ ರಸವಾದ. ಪ್ರಫುಲ್ಲಚಂದ್ರ ರಾಯರು ಹರಿಶ್ಚಂದ್ರ ಕವಿರತ್ನರೊಡನೆ ಸಂಪಾದಿಸಿ 1910ರಲ್ಲಿ ಕಲ್ಕತ್ತೆಯಿಂದ ಹೊರತಂದ ರಸಾರ್ಣವವು ಪಾದರಸವನ್ನೂ ಉಸಿರನ್ನೂ ಒಂದೇ ತಕ್ಕಡಿಯಲ್ಲಿಟ್ಟು, ಇವೆರಡೂ ಮೂರ್ಛೆಗೊಂಡರೆ ರೋಗ ಕಳೆಯುತ್ತವೆ, ಸತ್ತರೆ ಬದುಕಿಸುತ್ತವೆ, ಬದ್ಧವಾದರೆ, ಅಂದರೆ ಚಾಂಚಲ್ಯ ಬಿಟ್ಟು ಕಟ್ಟಿಗೆ ಒಳಗಾದರೆ, ಆಕಾಶದಲ್ಲಿ ಸಂಚರಿಸುವ ಶಕ್ತಿ ಕೊಡುತ್ತವೆ ಎನ್ನುತ್ತದೆ. ವಿಜಯನಗರ ಕಾಲದ ಮಾಧವಾಚಾರ್ಯರ 'ಸರ್ವದರ್ಶನಸಂಗ್ರಹ'ವು ಈ ಮತಕ್ಕೆ 'ರಸೇಶ್ವರ ದರ್ಶನ' ಎಂಬ ಪ್ರತ್ಯೇಕ ಅಧ್ಯಾಯವನ್ನೇ ಮೀಸಲಿಟ್ಟು, ಪಾದರಸದ ಗುಣವನ್ನು ಮೊದಲು ಲೋಹದ ಮೇಲೆ ಪರೀಕ್ಷಿಸಿ ಆಮೇಲಷ್ಟೇ ದೇಹಕ್ಕೆ ಬಳಸಬೇಕೆಂಬ ರಸವಾದಿಗಳ ಎಚ್ಚರಿಕೆಯನ್ನೂ ದಾಖಲಿಸಿದೆ. ರಸವಾದಿಗಳನ್ನು ಬರಿಯ ಭ್ರಾಂತರೆಂದು ತಳ್ಳಿಹಾಕುವವರ ಕಣ್ಣಿಗೆ ಈ ಎಚ್ಚರಿಕೆ ಬಿದ್ದಂತಿಲ್ಲ.

ನಾದವು ಈ ಕುಲುಮೆಯೊಳಗೆ ಪ್ರವೇಶಿಸುವುದು, ಸುಮಾರು 15ನೇ ಶತಮಾನದ ಸ್ವಾತ್ಮಾರಾಮನು ರಚಿಸಿದ ಯೋಗಗ್ರಂಥ 'ಹಠಪ್ರದೀಪಿಕೆ'ಯ ನಾಲ್ಕನೆಯ ಉಪದೇಶದಲ್ಲಿ. ಅಲ್ಲಿ ಮನಸ್ಸೇ ಪಾದರಸ, ನಾದವೇ ಗಂಧಕ. ನಾದಗಂಧಕವನ್ನು ಉಂಡು ಅರಗಿಸಿಕೊಂಡ ಮನಸ್ಸು ಚಂಚಲತೆ ಕಳೆದುಕೊಂಡು 'ನಿರಾಲಂಬ'ವೆಂಬ ಆಕಾಶದಲ್ಲಿ ಸಂಚರಿಸುತ್ತದೆ. ಈ ರೂಪಕದ ಬಲವನ್ನು ಬಲ್ಲವರು ಖಲ್ವದ, ಅಂದರೆ ವೈದ್ಯರ ಅರೆಯುವ ಕಲ್ಲಿನ, ಮುಂದೆ ಕುಳಿತವರು. ಘನೀಭವಿಸಲು ಸೊನ್ನೆಗಿಂತ ಸುಮಾರು 39 ಡಿಗ್ರಿ ಸೆಲ್ಸಿಯಸ್ ಕೆಳಗಿನ ಚಳಿಯನ್ನು ಬೇಡುವ, ಅಂಗೈಯಲ್ಲಿ ನಿಲ್ಲದೆ ಜಾರುವ ಪಾದರಸವನ್ನು ಗಂಧಕದೊಡನೆ ಸೇರಿಸಿ ಬಿಡದೆ ಅರೆದರೆ, ಅದರ ಹೊಳಪೂ ಹರಿದಾಟವೂ ಅಡಗಿ 'ಕಜ್ಜಲಿ' ಎಂಬ ಕಾಡಿಗೆಗಪ್ಪಿನ ಪುಡಿಯಾಗುತ್ತದೆ. ಆ ಪುಡಿಯನ್ನು ಗಾಜಿನ ಕುಪ್ಪಿಯಲ್ಲಿಟ್ಟು ಮರಳಿನ ನಡುವೆ ಕ್ರಮವಾಗಿ ಕಾಯಿಸಿದರೆ ಕುಪ್ಪಿಯ ಕತ್ತಿನಲ್ಲಿ ಕೆಂಪು ರಸಸಿಂಧೂರ ಕಟ್ಟಿಕೊಳ್ಳುತ್ತದೆ. ಎರಡೂ ಪಾದರಸದ ಸಲ್ಫೈಡೇ ಆಗಿದ್ದು, ಓಡುವ ಲೋಹವನ್ನು ಹಿಡಿದು ನಿಲ್ಲಿಸಿದ್ದು ಗಂಧಕ. ಗಂಟೆಗಟ್ಟಲೆ ಅರೆಯುವ ಈ ಕೆಲಸ ಹೇಗೋ, ಒಳಗಿನ ದನಿಗೆ ಕಿವಿಗೊಟ್ಟು ಕೂರುವ ಅಭ್ಯಾಸವೂ ಹಾಗೆಯೇ ಎಂಬ ಭಾವ ಸ್ವಾತ್ಮಾರಾಮನದು.

ಆ ದನಿಗೆ ಅವನು ಮೆಟ್ಟಿಲುಗಳನ್ನು ಹೇಳುತ್ತಾನೆ. ಮೊದಲು ಕಡಲಿನ, ಮುಗಿಲಿನ, ಭೇರಿಯ ಮೊರೆತ; ನಡುವೆ ಮದ್ದಳೆ, ಶಂಖ, ಗಂಟೆ; ಕೊನೆಗೆ ಕಿರುಗೆಜ್ಜೆ, ಕೊಳಲು, ವೀಣೆ, ದುಂಬಿಯ ಝೇಂಕಾರ. ದೊಡ್ಡ ದನಿಯಿಂದ ಸಣ್ಣ ದನಿಗೆ ಇಳಿಯುವ ಈ ಕ್ರಮ, ಮುಂಗಾರಿನ ಮೊದಲ ಸಿಡಿಲಿನಿಂದ ಹಿಡಿದು ಕಾಫಿ ಹೂವಿಗೆ ಮುತ್ತುವ ಜೇನಿನವರೆಗೆ ಎಲ್ಲವನ್ನೂ ಕೇಳಿರುವ ಸಕಲೇಶಪುರದ ಜೇನುಕಲ್ಲು ಗುಡ್ಡದ ಸೀಮೆಯವರಿಗೆ ವಿಶೇಷ ವ್ಯಾಖ್ಯಾನವಿಲ್ಲದೆಯೂ ತಿಳಿದೀತು.

ರೂಪಕವನ್ನು ಯಂತ್ರವೆಂದು ಓದಿದಾಗ ಕಥೆ ಬೇರೆ ದಾರಿ ಹಿಡಿಯುತ್ತದೆ. 11ನೇ ಶತಮಾನದ ಭೋಜರಾಜನ 'ಸಮರಾಂಗಣ ಸೂತ್ರಧಾರ'ದ ಯಂತ್ರಾಧ್ಯಾಯದಲ್ಲಿ ಕಾಯಿಸಿದ ಪಾದರಸದಿಂದ ಮೇಲೇಳುವ ಮರದ ಹಕ್ಕಿಯ ಜೊತೆಗೆ, ಸಿಂಹನಾದ ಹೊರಡಿಸಿ ಮದದಾನೆಗಳನ್ನು ಹೆದರಿಸುವ ಪಾದರಸದ ಪಾತ್ರೆಯೂ ಬರುತ್ತದೆ; ಆದರೆ ಯಂತ್ರಗಳ ಕಟ್ಟೋಣದ ವಿವರವನ್ನು ಬೇಕೆಂದೇ ಮುಚ್ಚಿಟ್ಟಿರುವುದಾಗಿ ಗ್ರಂಥವೇ ಹೇಳಿಕೊಳ್ಳುತ್ತದೆ. ಇದಾದರೂ ನಿಜವಾಗಿ ಹಳೆಯದು. ಆನೇಕಲ್ಲಿನ ಪಂಡಿತ ಸುಬ್ಬರಾಯ ಶಾಸ್ತ್ರಿಗಳು 20ನೇ ಶತಮಾನದ ಆರಂಭದ ದಶಕಗಳಲ್ಲಿ ಬಾಯಿಂದ ಹೇಳಿ ಬರೆಯಿಸಿ ಭರದ್ವಾಜ ಮಹರ್ಷಿಯ ಹೆಸರಿಗೆ ಹಚ್ಚಿದ 'ವೈಮಾನಿಕ ಶಾಸ್ತ್ರ'ವಂತೂ, ಅಪರೂಪದ ಲೋಹಗಳ ಪಾಕವಿಧಾನಗಳನ್ನೂ ಶಕುನ, ಸುಂದರ, ರುಕ್ಮ, ತ್ರಿಪುರ ಎಂಬ ನಾಲ್ಕು ವಿಮಾನಗಳನ್ನೂ ವರ್ಣಿಸುವ, ಪ್ರಾಚೀನ ವೇಷ ತೊಟ್ಟ ಹೊಸ ಗ್ರಂಥ. ಜಿ.ಆರ್. ಜೋಸ್ಯರ್ ಅವರು 1973ರಲ್ಲಿ ಮೈಸೂರಿನಿಂದ ಇದರ ಇಂಗ್ಲಿಷ್ ಅನುವಾದವನ್ನು ಪ್ರಕಟಿಸಿದ ಮರುವರ್ಷವೇ, ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ಎಚ್.ಎಸ್. ಮುಕುಂದ, ಎಸ್.ಎಂ. ದೇಶಪಾಂಡೆ, ಎಚ್.ಆರ್. ನಾಗೇಂದ್ರ, ಎ. ಪ್ರಭು, ಎಸ್.ಪಿ. ಗೋವಿಂದರಾಜು ಅವರು ಅದರ ಭಾಷೆಯನ್ನೂ ಚಿತ್ರಗಳನ್ನೂ ಲೆಕ್ಕಾಚಾರವನ್ನೂ ಪರಿಶೀಲಿಸಿ, ಕೃತಿ 1904ಕ್ಕಿಂತ ಹಿಂದಿನದಲ್ಲವೆಂದೂ ಅಲ್ಲಿನ ವಿಮಾನಗಳು ಹಾರಲಾರವೆಂದೂ ತೀರ್ಮಾನಿಸಿದರು. ರಸವಾದಿಗಳು ಕೇಳುತ್ತಿದ್ದ ಲೋಹದ ಪರೀಕ್ಷೆ ಈ ಗ್ರಂಥಕ್ಕೆ ಹೀಗೆ ತಡವಾಗಿ ಒದಗಿತು.

ಸ್ವಾತ್ಮಾರಾಮನಿಗೆ ಈ ತೊಡಕಿಲ್ಲ. ಹಾರುವುದು ಮನಸ್ಸು, ಅದು ಹಾರುವ ಆಕಾಶಕ್ಕೆ ಯಾವ ಆಸರೆಯೂ ಇಲ್ಲವೆಂದು ಅವನೇ ಹೆಸರಿಟ್ಟು ಹೇಳಿದ್ದಾನೆ. ಶಾಸ್ತ್ರಿಗಳ ರುಕ್ಮ ವಿಮಾನಕ್ಕಾದರೋ ಗಾಳಿಯ ಆಸರೆ ಬೇಕಿತ್ತು.