ಕ್ಯೂಸೆಕ್ಕಿನ ಉಮೇದುವಾರ: ಡಾ॥ ಕೆ. ಎಲ್. ರಾವ್

ಹರಿಯುವ ನದಿಯ ನೀರನ್ನು ಕೊಡದಿಂದ ಅಳೆಯಲಾಗದು. ಅದಕ್ಕಾಗಿ ಎಂಜಿನಿಯರುಗಳು ಕ್ಯೂಸೆಕ್ ಎಂಬ ಮಾನವನ್ನು ಬಳಸುತ್ತಾರೆ. ನದಿಯ ಗೊತ್ತಾದ ಒಂದು ಸ್ಥಳವನ್ನು ಒಂದು ಸೆಕೆಂಡಿನಲ್ಲಿ ಒಂದು ಘನ ಅಡಿ ನೀರು, ಎಂದರೆ ಸುಮಾರು 28.3 ಲೀಟರ್ ನೀರು, ದಾಟಿದರೆ ಆ ಪ್ರವಾಹವು ಒಂದು ಕ್ಯೂಸೆಕ್. ಈ ಮಾನದ ಹೆಸರನ್ನೇ ತಮ್ಮ ಆತ್ಮಕಥೆಗೆ ಇಟ್ಟ ಲೋಕಸಭಾ ಸದಸ್ಯರೊಬ್ಬರು ನಮ್ಮ ದೇಶದಲ್ಲಿದ್ದರು. ಅವರೇ ಡಾ॥ ಕಾನೂರಿ ಲಕ್ಷ್ಮಣರಾವ್. 1978ರಲ್ಲಿ ಇಂಗ್ಲಿಷಿನಲ್ಲಿ ಪ್ರಕಟವಾದ ಆ ಗ್ರಂಥದ ಹೆಸರು ‘ಕ್ಯೂಸೆಕ್ಸ್ ಕ್ಯಾಂಡಿಡೇಟ್’. ಕನ್ನಡದಲ್ಲಿ ಹೇಳುವುದಾದರೆ ‘ಕ್ಯೂಸೆಕ್ಕಿನ ಉಮೇದುವಾರ’.

ರಾಯರು ಹುಟ್ಟಿದುದು 1902ರಲ್ಲಿ, ಆಂಧ್ರದ ಕೃಷ್ಣಾ ಜಿಲ್ಲೆಯ ಕಂಕಿಪಾಡಿನಲ್ಲಿ. ಬಾಲ್ಯದಲ್ಲಿಯೇ ಅವರು ಒಂದು ಕಣ್ಣಿನ ದೃಷ್ಟಿಯನ್ನು ಕಳೆದುಕೊಂಡರು. ಆದರೆ ವ್ಯಾಸಂಗಕ್ಕೆ ಅದು ಅಡ್ಡಿಯಾಗಲಿಲ್ಲ. ಮದರಾಸಿನಲ್ಲಿ ಎಂಜಿನಿಯರಿಂಗ್ ಕಲಿತು, 1939ರಲ್ಲಿ ಇಂಗ್ಲೆಂಡಿನ ಬರ್ಮಿಂಗ್‌ಹ್ಯಾಮ್ ವಿಶ್ವವಿದ್ಯಾನಿಲಯದಿಂದ ಡಾಕ್ಟರೇಟ್ ಪದವಿಯನ್ನು ಪಡೆದರು. ರಂಗೂನಿನಲ್ಲಿ ಪ್ರಾಧ್ಯಾಪಕರಾಗಿದ್ದ ಅವರು ಮುಂದೆ ಕೇಂದ್ರ ಜಲ ಮತ್ತು ವಿದ್ಯುತ್ ಆಯೋಗವನ್ನು ಸೇರಿ ಅಣೆಕಟ್ಟುಗಳ ವಿನ್ಯಾಸದಲ್ಲಿ ತೊಡಗಿದರು.

ಅವರ ಹೆಸರಿನೊಡನೆ ಸದಾ ಸೇರಿ ಬರುವುದು ಕೃಷ್ಣಾ ನದಿಯ ನಾಗಾರ್ಜುನಸಾಗರ. 1955ರಲ್ಲಿ ಪಂಡಿತ ನೆಹರೂ ಅವರು ಶಂಕುಸ್ಥಾಪನೆ ಮಾಡಿದ ಈ ಅಣೆಕಟ್ಟಿನ ಎತ್ತರ ಸುಮಾರು 124 ಮೀಟರ್. ತನ್ನ ತೂಕದಿಂದಲೇ ನೀರಿನ ನೂಕನ್ನು ತಡೆದು ನಿಲ್ಲುವ ಜಾತಿಯ ಕಟ್ಟೆ ಇದು. ತೂಕವೇ ಮುಖ್ಯವಾದ ಮೇಲೆ ಅದನ್ನು ಕಾಂಕ್ರೀಟಿನಿಂದಲೇ ಪಡೆಯಬೇಕೆಂಬ ನಿಯಮವೇನಿದೆ? ಕಲ್ಲಿನಿಂದ ಕಟ್ಟಿದರೆ ಸಿಮೆಂಟು ಕಡಮೆ ಸಾಕು. ವಿದೇಶದ ಯಂತ್ರಗಳಿಗೆ ಬದಲಾಗಿ ನಮ್ಮ ಕಲ್ಲುಕುಟಿಗರ ಕೈಗಳಿಗೆ ಕೆಲಸ ದೊರೆಯುತ್ತದೆ. ವಿದೇಶೀ ವಿನಿಮಯದ ಅಭಾವವಿದ್ದ ಆ ಕಾಲಕ್ಕೆ ಒಪ್ಪುವ ಆಯ್ಕೆ ಇದಾಗಿತ್ತು.

1962ರಲ್ಲಿ ರಾಯರು ವಿಜಯವಾಡಾ ಕ್ಷೇತ್ರದಿಂದ ಲೋಕಸಭೆಗೆ ಚುನಾಯಿತರಾದರು. 1967 ಮತ್ತು 1971ರಲ್ಲಿ ಮತ್ತೆ ಗೆದ್ದರು. 1963ರಿಂದ 1973ರವರೆಗೆ, ನೆಹರೂ, ಶಾಸ್ತ್ರಿ ಮತ್ತು ಇಂದಿರಾ ಗಾಂಧಿಯವರ ಮಂತ್ರಿಮಂಡಲಗಳಲ್ಲಿ, ನೀರಾವರಿ ಮತ್ತು ವಿದ್ಯುತ್ ಖಾತೆ ಅವರದಾಗಿತ್ತು. ನೀರನ್ನು ಅಳೆಯುತ್ತಿದ್ದವರು ಈಗ ಅದರ ಹಂಚಿಕೆಯ ಹೊಣೆಯನ್ನು ಹೊರಬೇಕಾಯಿತು. ಇವೆರಡೂ ಒಂದೇ ಕೆಲಸವಲ್ಲ.

ಕೃಷ್ಣೆಯನ್ನೇ ನೋಡೋಣ. ಆಗ ಮಹಾರಾಷ್ಟ್ರ, ಕರ್ನಾಟಕ, ಆಂಧ್ರ ಮೂರೂ ಆ ನೀರಿಗೆ ಹಕ್ಕುದಾರರಾಗಿದ್ದವು. ಮಂತ್ರಿಗಳ ಸ್ವಂತ ಕ್ಷೇತ್ರವಾದ ವಿಜಯವಾಡಾ ಅದೇ ನದಿಯ ದಡದಲ್ಲಿದೆ. ನೂರು ವರ್ಷಗಳಲ್ಲಿ ಎಪ್ಪತ್ತೈದು ವರ್ಷ ತಪ್ಪದೆ ದೊರೆಯುವ ನೀರೆಷ್ಟು ಎಂಬುದನ್ನು ಗಣಿತದಿಂದ ಹೇಳಬಹುದು. ಅದು 2,060 ಟಿಎಂಸಿ ಎಂದು ನಿಶ್ಚಯವಾಯಿತು. (ಒಂದು ಟಿಎಂಸಿ ಎಂದರೆ ನೂರು ಕೋಟಿ ಘನ ಅಡಿ.) ಆದರೆ ಯಾರಿಗೆ ಎಷ್ಟು ಎಂಬ ಪ್ರಶ್ನೆಗೆ ಯಾವ ಸೂತ್ರದಲ್ಲಿಯೂ ಉತ್ತರವಿಲ್ಲ. 1969ರಲ್ಲಿ ನೇಮಕವಾದ ಬಚಾವತ್ ನ್ಯಾಯಮಂಡಲಿಯು ಆ ಉತ್ತರವನ್ನು ಕೊಡಬೇಕಾಯಿತು. 1976ರ ಅಂತಿಮ ಆದೇಶದಂತೆ ಮಹಾರಾಷ್ಟ್ರಕ್ಕೆ 560, ಕರ್ನಾಟಕಕ್ಕೆ 700, ಆಂಧ್ರಕ್ಕೆ 800 ಟಿಎಂಸಿ ದೊರೆತವು.

ಇರುವ ನೀರನ್ನು ಹಂಚುವುದಕ್ಕಿಂತ ಹೆಚ್ಚು ನೀರನ್ನು ತರುವುದೇ ಲೇಸೆಂದು ರಾಯರಿಗೆ ತೋರಿತು. 1972ರಲ್ಲಿ ಅವರು ಗಂಗಾ–ಕಾವೇರಿ ಕಾಲುವೆಯ ಯೋಜನೆಯನ್ನು ಮುಂದಿಟ್ಟರು. ಪಾಟ್ನಾದ ಬಳಿ ಗಂಗೆಯ ನೆರೆನೀರಿನಿಂದ 60,000 ಕ್ಯೂಸೆಕ್ಕುಗಳನ್ನು ವರ್ಷಕ್ಕೆ ಸುಮಾರು 150 ದಿನ ತೆಗೆದುಕೊಳ್ಳುವುದು. ಅದರಲ್ಲಿ 50,000 ಕ್ಯೂಸೆಕ್ಕುಗಳನ್ನು 549 ಮೀಟರ್ ಎತ್ತಿ ದಕ್ಷಿಣಕ್ಕೆ ಹರಿಸುವುದು. ಕಾಲುವೆಯ ಉದ್ದ 2,640 ಕಿಲೋಮೀಟರ್.

ಇದಕ್ಕೆ ಬೇಕಾಗುವ ಶಕ್ತಿಯೆಷ್ಟು? ಹೈಸ್ಕೂಲಿನ ಭೌತವಿಜ್ಞಾನವೇ ಸಾಕು. 50,000 ಕ್ಯೂಸೆಕ್ ಎಂದರೆ ಸೆಕೆಂಡಿಗೆ ಸುಮಾರು 14 ಲಕ್ಷ 15 ಸಾವಿರ ಕಿಲೋಗ್ರಾಂ ನೀರು. ಇದನ್ನು ಗುರುತ್ವ ವೇಗೋತ್ಕರ್ಷವಾದ 9.8ರಿಂದಲೂ ಎತ್ತರವಾದ 549ರಿಂದಲೂ ಗುಣಿಸಿರಿ. ಸುಮಾರು 7,600 ಮೆಗಾವಾಟ್ ಬರುತ್ತದೆ. ಪಂಪುಗಳಲ್ಲಿ ಆಗುವ ನಷ್ಟ ಇದಕ್ಕೆ ಸೇರಿಲ್ಲ. 1974ರಲ್ಲಿ ಇಡೀ ಭಾರತದ ವಿದ್ಯುತ್ ಸ್ಥಾವರಗಳ ಒಟ್ಟು ಸಾಮರ್ಥ್ಯ ಸುಮಾರು 16,600 ಮೆಗಾವಾಟ್ ಮಾತ್ರ! ನೀರು ಇಳಿಯುವಾಗ ಆ ಶಕ್ತಿಯಲ್ಲಿ ಒಂದಂಶ ಮರಳಿ ದೊರೆತರೂ, ಮೊದಲು ಎತ್ತಬೇಕಲ್ಲವೆ? ಯೋಜನೆಯನ್ನು ಪರಿಶೀಲಿಸಿದ ಕೇಂದ್ರ ಜಲ ಆಯೋಗವು ವೆಚ್ಚದ ಅಂದಾಜು ತೀರ ಕಡಮೆಯಾಗಿದೆಯೆಂದೂ ಇಷ್ಟು ವಿದ್ಯುತ್ತು ದುಬಾರಿಯೆಂದೂ ಅಭಿಪ್ರಾಯಪಟ್ಟಿತು. ಕಾಲುವೆಯು ಕಾಗದದಲ್ಲಿಯೇ ಉಳಿಯಿತು. ಆದರೆ ನದಿಜೋಡಣೆಯ ವಿಚಾರ ಅಳಿಯಲಿಲ್ಲ. 1980ರಲ್ಲಿ ಬೇರೆ ರೂಪದಲ್ಲಿ ರಾಷ್ಟ್ರೀಯ ಯೋಜನೆಯೊಂದು ಸಿದ್ಧವಾಯಿತು, 1982ರಲ್ಲಿ ಅದರ ಅಧ್ಯಯನಕ್ಕಾಗಿ ರಾಷ್ಟ್ರೀಯ ಜಲಾಭಿವೃದ್ಧಿ ಸಂಸ್ಥೆ ಸ್ಥಾಪಿತವಾಯಿತು.

ಹಾಗಾದರೆ ಎಂಜಿನಿಯರೊಬ್ಬರು ಶಾಸನಸಭೆಗೆ ಹೋದುದರಿಂದ ಫಲವೇನು? ‘ನಾಡಿಗೆ ನೀರು ತರುತ್ತೇನೆ’ ಎಂಬ ಮಾತನ್ನು ಯಾರೂ ಅಳೆಯಲಾರರು. ‘ಐವತ್ತು ಸಾವಿರ ಕ್ಯೂಸೆಕ್, 549 ಮೀಟರ್’ ಎಂದು ಹೇಳಿದೊಡನೆ ಅದು ಪರೀಕ್ಷೆಗೆ ಒಳಪಡುವ ಮಾತಾಗುತ್ತದೆ. ರಾಯರು ತಮ್ಮ ಕನಸನ್ನು ಅಂಕಿಗಳಲ್ಲಿ ಇಟ್ಟರು. ಆದುದರಿಂದಲೇ ಇತರರು ಅದನ್ನು ತೂಗಿ ನೋಡಿ ಒಪ್ಪದಿರಲು ಸಾಧ್ಯವಾಯಿತು. 1986ರಲ್ಲಿ ಅವರು ತೀರಿಕೊಂಡರು. ನೀರಿನ ವಿಚಾರದಲ್ಲಿ ಭರವಸೆಗಳನ್ನು ಕೇಳುವಾಗಲೆಲ್ಲ ನಮ್ಮ ವಿದ್ಯಾರ್ಥಿಗಳು ಎರಡು ಪ್ರಶ್ನೆಗಳನ್ನು ಕೇಳುವುದನ್ನು ರೂಢಿಸಿಕೊಳ್ಳಲಿ: ಎಷ್ಟು ಕ್ಯೂಸೆಕ್? ಯಾರ ಪಾಲಿನಿಂದ?