ಕಥೆಯಿಂದ ಕರೆಂಟ್ ಬರುತ್ತಾ?

ಕಥೆ ಹೇಳಿದರೆ ಬಲ್ಬ್ ಹತ್ತುವ ಯಂತ್ರ! ಸಿನಿಮಾ ಐಡಿಯಾ ಥರ ಇದೆ ಅಲ್ವಾ? ಬೆಂಗಳೂರಿನ ಮಹಾಲಕ್ಷ್ಮಿ ಲೇಔಟ್‌ನವರಿಗೆ ಇದೇನೂ ಹೊಸದಲ್ಲ. ಇಲ್ಲಿನ ಏಕಶಿಲೆಯ, ಸುಮಾರು 22 ಅಡಿ ಎತ್ತರದ ಪ್ರಸನ್ನ ವೀರಾಂಜನೇಯನನ್ನೇ, ಅಂದರೆ ಹನುಮಂತನ ವಿಗ್ರಹವನ್ನೇ ನೋಡಿ. ರಾಮಾಯಣದಲ್ಲಿ ಕಡಲ ದಡದಲ್ಲಿ ಸುಮ್ಮನೆ ಕೂತಿದ್ದ ಹನುಮಂತನಿಗೆ ಜಾಂಬವಂತ ಅವನದೇ ಬಾಲ್ಯದ ಕಥೆ ಹೇಳಿದ, ಅಷ್ಟೇ. ಕೇಳಿದವನು ಸಮುದ್ರವನ್ನೇ ಹಾರಿಬಿಟ್ಟ!

ಸರಿ, ಪುರಾಣ ಬಿಡಿ. ನಿಜವಾಗಲೂ ಮಾತಿನಿಂದ ಕರೆಂಟ್ ಹುಟ್ಟಿಸುವ ಯಂತ್ರ ಇದೆಯಾ? ಇದೆ. ಹರಿಕಥೆ ದಾಸರ ಮುಂದಿರೋ ಡೈನಮಿಕ್ ಮೈಕ್! ಮಾತಿನ ಅಲೆ ಒಳಗಿನ ತೆಳು ಪೊರೆಯನ್ನು ಅಲುಗಿಸುತ್ತೆ. ಪೊರೆಗೆ ಅಂಟಿದ ತಂತಿ ಸುರುಳಿ ಅಯಸ್ಕಾಂತದ ನಡುವೆ ಓಲಾಡುತ್ತೆ, ವಿದ್ಯುತ್ ಹುಟ್ಟುತ್ತೆ. ಶಿವನಸಮುದ್ರದ ಜಲವಿದ್ಯುತ್ ಕೇಂದ್ರದಲ್ಲಿ 1902ರಲ್ಲಿ ಕರೆಂಟ್ ಬಂದಿದ್ದೂ ಇದೇ ತತ್ವದಿಂದ. ಅಲ್ಲಿ ತಳ್ಳಿದ್ದು ಕಾವೇರಿ, ಇಲ್ಲಿ ದಾಸರ ಗಂಟಲು.

ಆದರೆ ಎಷ್ಟು ಕರೆಂಟ್? ಮಾಮೂಲಿ ಮಾತಿನ ಸದ್ದಿನಲ್ಲಿರೋದು ಸುಮಾರು 10 ಮೈಕ್ರೋವಾಟ್, ಅಂದರೆ ಒಂದು ವಾಟ್‌ನಲ್ಲಿ ಲಕ್ಷಕ್ಕೊಂದು ಪಾಲು. 9 ವಾಟ್‌ನ ಒಂದು ಎಲ್‌ಇಡಿ ಬಲ್ಬ್ ಉರಿಯಬೇಕಾದರೆ, ಒಂಚೂರೂ ಪೋಲಾಗದಿದ್ದರೂ, 9 ಲಕ್ಷ ಜನ ಒಟ್ಟಿಗೆ ಕಥೆ ಹೇಳಬೇಕು. ಆಮೇಲೆ ಕೇಳೋರು ಯಾರು ಸ್ವಾಮಿ?

ಹಾಗಂತ ಈ ಶಕ್ತಿ ದಂಡ ಅನ್ನಬೇಡಿ. ಯುದ್ಧನೌಕೆಗಳಲ್ಲಿ ಬ್ಯಾಟರಿಯೇ ಬೇಡದ ಫೋನ್‌ಗಳಿವೆ. ಮಾತಾಡುವವರ ದನಿಯೇ ವಿದ್ಯುತ್ತಾಗಿ ತಂತಿಯಲ್ಲಿ ಹರಿದು, ಇನ್ನೊಂದು ತುದಿಯಲ್ಲಿ ಮತ್ತೆ ದನಿಯಾಗುತ್ತೆ. ಹಡಗಿನ ಕರೆಂಟ್ ಪೂರ್ತಿ ಹೋದರೂ ಅವು ಕೆಲಸ ಮಾಡುತ್ತವೆ!