ಎಪಿಕ್ಯೂರಸ್ ಕೇಳಿದ್ದು ಒಂದು ಗಡಿಗೆ ಗಿಣ್ಣು

ಸಂಜಯನಗರ ಮುಖ್ಯರಸ್ತೆಯ ಜೆರಾಕ್ಸ್ ಅಂಗಡಿಗಳಲ್ಲಿ ಸ್ಪೈರಲ್ ಬೈಂಡಿಂಗಿಗೆ ಸರದಿ ಕಾಯುವ ನೋಟ್ಸ್‌ಗಳಲ್ಲಿ ಗ್ರೀಕರೂ ಇರುತ್ತಾರೆ. ಯುಪಿಎಸ್‌ಸಿ ಮುಖ್ಯ ಪರೀಕ್ಷೆಗೆ 2013ರಲ್ಲಿ 250 ಅಂಕಗಳ ನೀತಿಶಾಸ್ತ್ರ ಪತ್ರಿಕೆ ಸೇರಿತು. ಅಂದಿನಿಂದ, ಹೆಬ್ಬಾಳದ ಕೃಷಿ ಪದವಿ ಮುಗಿಸಿ ಈ ಕಡೆಯ ಪಿಜಿಗಳಲ್ಲಿ ಓದಲು ಕೂತವರಿಗೂ ಅಥೆನ್ಸ್ ತಪ್ಪಿದ್ದಲ್ಲ. ಹಳದಿ ಹೈಲೈಟರ್ ಬಳಿದ ಪುಟದಲ್ಲಿ ಒಬ್ಬೊಬ್ಬರಿಗೆ ಒಂದೊಂದು ಸಾಲು: ಎಪಿಕ್ಯೂರಸ್ ಎಂದರೆ ಭೋಗ, ಅರಿಸ್ಟಾಟಲ್ ಎಂದರೆ ಮಧ್ಯಮ ಮಾರ್ಗ, ಸ್ಟೋಯಿಕರು ಎಂದರೆ ಭಾವಶೂನ್ಯರು, ಸಾಕ್ರಟೀಸ್ ಎಂದರೆ ಏನೂ ಗೊತ್ತಿಲ್ಲ ಎಂದವನು. ಅಂಕಕ್ಕೆ ಇಷ್ಟು ಸಾಕೇನೋ. ನಾಲ್ಕೂ ಅರೆಬೆಂದ ಮಾತುಗಳು ಎಂಬುದು ಬೇರೆ ವಿಷಯ.

ಎಲ್ಲಕ್ಕಿಂತ ಹೆಚ್ಚು ಅನ್ಯಾಯವಾಗಿರುವುದು ಎಪಿಕ್ಯೂರಸ್‌ಗೆ. ತಿಂದುಂಡು ಮಜಾ ಮಾಡು ಎಂದವನು ಅವನು ಎಂಬುದು ಜನರ ನಂಬಿಕೆ. ಕ್ರಿ.ಪೂ. 306ರ ಸುಮಾರಿಗೆ ಅಥೆನ್ಸಿನಲ್ಲಿ ಒಂದು ತೋಟ ಕೊಂಡು ಶಿಷ್ಯರೊಂದಿಗೆ ನೆಲೆಸಿದ ಈತನ ಬಳಗದಲ್ಲಿ ಹೆಂಗಸರೂ ಗುಲಾಮರೂ ಇದ್ದರು. ಊಟ ಬಹುತೇಕ ರೊಟ್ಟಿ, ನೀರು. ಹಬ್ಬದೂಟ ಮಾಡಬೇಕೆನಿಸಿದಾಗ ಬೇಕಾಗುತ್ತದೆ, ಒಂದು ಸಣ್ಣ ಗಡಿಗೆ ಗಿಣ್ಣು ಕಳಿಸು ಎಂದು ಗೆಳೆಯನಿಗೆ ಬರೆದಿದ್ದ. ಸುಖವೇ ಗುರಿ ಎಂದು ಅವನು ಹೇಳಿದ್ದು ನಿಜ. ಅವನ ಲೆಕ್ಕದಲ್ಲಿ ಸುಖವೆಂದರೆ ಮೈಗೆ ನೋವಿಲ್ಲದಿರುವುದು, ಮನಸ್ಸಿಗೆ ಕಳವಳವಿಲ್ಲದಿರುವುದು. ಯಾವ ಬಯಕೆ ಬೇಕೇ ಬೇಕು, ಯಾವುದು ಬರೀ ಪೊಳ್ಳು ಎಂದು ಅಳೆದು ನೋಡಬೇಕು; ಹಾಗೆ ಅಳೆಯುವ ವಿವೇಕ ತತ್ವಶಾಸ್ತ್ರಕ್ಕಿಂತಲೂ ದೊಡ್ಡದು ಎಂದ.

ಹಾಗಾದರೆ ಈ ಕೆಟ್ಟ ಹೆಸರು ಎಲ್ಲಿಂದ ಬಂತು? ಬಳಗ ಬಿಟ್ಟು ಹೋದ ಟಿಮೊಕ್ರಟಿಸ್ ಎಂಬಾತ, ಗುರುಗಳು ತಿಂದದ್ದು ಹೆಚ್ಚಾಗಿ ದಿನಕ್ಕೆರಡು ಸಲ ವಾಂತಿ ಮಾಡಿಕೊಳ್ಳುತ್ತಾರೆ ಎಂದು ಹಬ್ಬಿಸಿದ. ಎಪಿಕ್ಯೂರಸ್ ಬರೆದ ಸುಮಾರು 300 ಸುರುಳಿಗಳಲ್ಲಿ ಹೆಚ್ಚಿನವು ನಾಶವಾದವು, ಚಾಡಿ ಮಾತ್ರ ಉಳಿಯಿತು. ಕನ್ನಡ ನಾಡಿಗೆ ಈ ಕಥೆ ಹೊಸದೇನಲ್ಲ. ಸಾಲ ಮಾಡಿ ತುಪ್ಪ ತಿನ್ನುವವರು ಎಂದು ಚಾರ್ವಾಕರನ್ನು ಹಂಗಿಸುವಾಗ ನಾವು ನೆಚ್ಚಿಕೊಳ್ಳುವುದು ಬಹುಮಟ್ಟಿಗೆ ‘ಸರ್ವದರ್ಶನಸಂಗ್ರಹ’ವನ್ನು. ಅದನ್ನು 14ನೇ ಶತಮಾನದ ವಿಜಯನಗರದಲ್ಲಿ ಬರೆದ ಮಾಧವ ಅದ್ವೈತಿ; ಚಾರ್ವಾಕರನ್ನು ಮೊದಲ ಅಧ್ಯಾಯದಲ್ಲಿಟ್ಟಿದ್ದು ಮುಂದಿನವರ ಕೈಯಲ್ಲಿ ಸೋಲಿಸುವುದಕ್ಕೆ. ಎದುರಾಳಿ ಬರೆದುಕೊಟ್ಟ ಗುಣಪತ್ರವನ್ನು ನಂಬಿ ಒಬ್ಬರ ಯೋಗ್ಯತೆ ತೀರ್ಮಾನಿಸುವ ಚಾಳಿ ಎರಡೂ ಕಡೆ ಒಂದೇ.

ಅರಿಸ್ಟಾಟಲನದು ಇನ್ನೊಂದು ಬಗೆಯ ಪಾಡು. ಅತ್ತ ಹೆಚ್ಚೂ ಬೇಡ, ಇತ್ತ ಕಡಿಮೆಯೂ ಬೇಡ, ಎಲ್ಲದರಲ್ಲೂ ಅರ್ಧಂಬರ್ಧ ಇದ್ದರೆ ಸಜ್ಜನ ಎಂದು ಅವನು ಹೇಳಿದನೆಂದು ನಂಬಿದವರು ‘ನಿಕೊಮೆಕಿಯನ್ ನೀತಿಶಾಸ್ತ್ರ’ದ ಎರಡನೇ ಭಾಗದಲ್ಲಿ ಬರುವ ಪೈಲ್ವಾನನನ್ನು ಮರೆತಿರುತ್ತಾರೆ. ಹತ್ತು ಮೀನಾ ತೂಕದ ಊಟ ಹೆಚ್ಚು, ಎರಡು ಮೀನಾ ಕಡಿಮೆ ಎಂದಿಟ್ಟುಕೊಳ್ಳಿ. ಹಾಗೆಂದು ಉಸ್ತಾದರು ಎಲ್ಲರಿಗೂ ಆರು ಮೀನಾ ಬಡಿಸುವುದಿಲ್ಲ. ಒಲಿಂಪಿಕ್ಸ್ ಗೆದ್ದ ಮಿಲೋಗೆ ಆರು ಸಾಲದು, ನಿನ್ನೆ ಗರಡಿ ಸೇರಿದ ಹುಡುಗನಿಗೆ ಅದೇ ಅಜೀರ್ಣ. ಸಿಟ್ಟಿನದೂ ಹೀಗೆಯೇ. ಯಾರ ಮೇಲೆ, ಯಾವಾಗ, ಎಷ್ಟು, ಯಾಕೆ ಎಂದು ತೂಗಿ ನೋಡಿದ ಸಿಟ್ಟು ಕೆಲವೊಮ್ಮೆ ಬಹಳ ಜೋರಾಗಿಯೂ ಇರಬಹುದು. ಇನ್ನು ಕಳ್ಳತನಕ್ಕೂ ಕೊಲೆಗೂ ಮಧ್ಯಮ ಪ್ರಮಾಣವೆಂಬುದೇ ಇಲ್ಲ ಎಂದು ಅವನೇ ಬಿಡಿಸಿ ಹೇಳಿದ್ದಾನೆ. ಲಂಚದಲ್ಲಿ ಹದ ಹುಡುಕುವವರಿಗೆ ಇಲ್ಲಿ ಆಸರೆ ಸಿಗುವುದಿಲ್ಲ.

ಶ್ರೇಷ್ಠತೆ ಒಂದು ದಿನದ ಕೆಲಸವಲ್ಲ, ರೂಢಿ ಎಂಬರ್ಥದ ಮಾತೊಂದು ಅರಿಸ್ಟಾಟಲನ ಚಿತ್ರದ ಜೊತೆ ಗುಡ್ ಮಾರ್ನಿಂಗ್ ಸಂದೇಶವಾಗಿ ವಾಟ್ಸ್ಆ್ಯಪ್‌ನಲ್ಲಿ ತಿರುಗುತ್ತಿರುತ್ತದೆ. ಆ ವಾಕ್ಯ ಅಮೆರಿಕದ ವಿಲ್ ಡ್ಯುರಾಂಟ್ ಅವರದು. ಅರಿಸ್ಟಾಟಲನನ್ನು ವಿವರಿಸುತ್ತಾ 1926ರ ಪುಸ್ತಕದಲ್ಲಿ ಬರೆದದ್ದು. ಅಭ್ಯಾಸದಿಂದ ಗುಣ ಬರುತ್ತದೆಂದು ಅರಿಸ್ಟಾಟಲ್ ಒಪ್ಪುತ್ತಿದ್ದ. ಅಭ್ಯಾಸವೊಂದೇ ಸಾಕೆಂದು ಮಾತ್ರ ಒಪ್ಪುತ್ತಿರಲಿಲ್ಲ. ಯಾರೋ ಹೇಳಿಕೊಟ್ಟು ಒಂದು ವಾಕ್ಯ ಸರಿಯಾಗಿ ಬರೆದ ಮಾತ್ರಕ್ಕೆ ಒಬ್ಬ ವ್ಯಾಕರಣ ಬಲ್ಲವನಾಗುವುದಿಲ್ಲ; ತಿಳಿದು, ತಾನೇ ಆರಿಸಿಕೊಂಡು, ಅಲುಗದ ಮನಸ್ಸಿನಿಂದ ಮಾಡಿದ್ದೇ ಸದ್ಗುಣದ ಕೆಲಸ ಎನ್ನುವುದು ಅವನ ವಾದ. ಅಂದ ಹಾಗೆ, ಅನುಭವ ಸಾಲದ ಎಳೆಯರಿಗೆ ಈ ಪಾಠ ಹತ್ತುವುದಿಲ್ಲ ಎಂದೂ ಮೊದಲಿಗೇ ಎಚ್ಚರಿಸಿದ್ದಾನೆ. ಪರೀಕ್ಷಾ ಆಯೋಗ ಅದನ್ನು ಗಮನಿಸಿದಂತಿಲ್ಲ.

ಸ್ಟೋಯಿಕರು ಕಲ್ಲುಹೃದಯದವರಲ್ಲ. ಸೈಪ್ರಸ್ಸಿನ ಝೀನೋ ಕ್ರಿ.ಪೂ. 300ರ ಸುಮಾರಿಗೆ ಅಥೆನ್ಸಿನ ಸಂತೆಪೇಟೆಯ ಪಕ್ಕದ ಚಿತ್ತಾರದ ಮೊಗಸಾಲೆಯಲ್ಲಿ, ಜನ ಓಡಾಡುವ ಜಾಗದಲ್ಲೇ ಪಾಠ ಶುರುಮಾಡಿದ. ಈ ಪಂಥದವರು ತಪ್ಪು ಎಣಿಕೆಯಿಂದ ಹುಟ್ಟುವ ಉದ್ವೇಗವನ್ನು ಬೇಡವೆಂದರು. ಸಂತೋಷ, ಎಚ್ಚರಿಕೆ, ಒಳಿತಿನ ಹಂಬಲ ಇವನ್ನು ಜ್ಞಾನಿಗೂ ಬಿಟ್ಟುಕೊಟ್ಟರು. ರೋಮನ್ ಲೇಖಕ ಆಲಸ್ ಗೆಲಿಯಸ್ ತಾನೂ ಇದ್ದ ಒಂದು ಹಡಗಿನ ಪ್ರಸಂಗ ಹೇಳುತ್ತಾನೆ. ಬಿರುಗಾಳಿಗೆ ಸಿಕ್ಕಾಗ ಅದರಲ್ಲಿದ್ದ ಸ್ಟೋಯಿಕ್ ಗುರುವಿನ ಮುಖವೂ ಬಿಳಿಚಿಕೊಂಡಿತು. ಗಾಳಿ ನಿಂತ ಮೇಲೆ ಸಹಪ್ರಯಾಣಿಕನಾಗಿದ್ದ ಸಾಹುಕಾರನೊಬ್ಬ ಚುಚ್ಚಿ ಕೇಳಿದ. ಗೆಲಿಯಸ್‌ಗೂ ಕುತೂಹಲ ತಡೆಯಲಿಲ್ಲ. ವಿಚಾರಿಸಿದಾಗ ಗುರು ಚೀಲದಿಂದ ತನ್ನದೇ ಪಂಥದ ಎಪಿಕ್ಟೀಟಸನ ಪುಸ್ತಕ ತೆಗೆದು ತೋರಿಸಿದ. ಮೊದಲ ನಡುಕ ಯಾರ ಕೈಯಲ್ಲೂ ಇಲ್ಲ. ‘ನಿಜಕ್ಕೂ ಅನಾಹುತವಾಯಿತು’ ಎಂದು ಆಮೇಲೆ ಒಪ್ಪುವುದು ಬಿಡುವುದು ಮಾತ್ರ ನಮ್ಮ ಕೈಯಲ್ಲಿದೆ ಎಂಬುದು ಅದರ ಸಾರ.

ಇನ್ನು ಸಾಕ್ರಟೀಸ್. ಎ.ಎನ್. ಮೂರ್ತಿರಾಯರು ‘ಸಾಕ್ರಟೀಸನ ಕೊನೆಯ ದಿನಗಳು’ ಎಂಬ ಅನುವಾದದಿಂದ ಕನ್ನಡಕ್ಕೆ ಹತ್ತಿರ ತಂದ ಈತ, ತನಗೆ ಏನೂ ಗೊತ್ತಿಲ್ಲ ಎಂದು ಕೈಚೆಲ್ಲಿದವನಲ್ಲ. ಗೊತ್ತಿಲ್ಲದ್ದನ್ನು ಗೊತ್ತು ಎಂದುಕೊಳ್ಳುವುದಿಲ್ಲ, ತನ್ನ ಹೆಚ್ಚುಗಾರಿಕೆ ಅಷ್ಟೇ ಎಂದದ್ದು. ಅನ್ಯಾಯ ಮಾಡುವುದು ಕೆಡುಕು ಎಂಬುದು ಮಾತ್ರ ತನಗೆ ಗೊತ್ತು ಎಂದು ಕ್ರಿ.ಪೂ. 399ರ ವಿಚಾರಣೆಯಲ್ಲಿ ಖಡಾಖಂಡಿತವಾಗಿ ಹೇಳಿದ, ಉದಾಹರಣೆಯನ್ನೂ ಕೊಟ್ಟ. ಕೆಲವು ವರ್ಷ ಹಿಂದೆ ಮೂವತ್ತು ಮಂದಿ ನಿರಂಕುಶರು ಅಥೆನ್ಸನ್ನು ಆಳುತ್ತಿದ್ದಾಗ, ಸಲಾಮಿಸ್ ದ್ವೀಪದ ಲಿಯೋನ್ ಎಂಬವನನ್ನು ಕೊಲ್ಲಲು ಹಿಡಿದು ತನ್ನಿ ಎಂದು ಐವರಿಗೆ ಅಪ್ಪಣೆಯಾಗಿತ್ತು. ನಾಲ್ವರು ಸಲಾಮಿಸ್‌ಗೆ ಹೋದರು, ಸಾಕ್ರಟೀಸ್ ಮನೆಗೆ ಹೋದ. ಆ ಸರ್ಕಾರ ಬೇಗನೆ ಉರುಳದಿದ್ದರೆ ತನ್ನ ಪ್ರಾಣ ಆಗಲೇ ಹೋಗುತ್ತಿತ್ತೇನೋ ಎಂದೂ ನ್ಯಾಯಾಲಯದ ಮುಂದೆ ಹೇಳಿಕೊಂಡ.